ಜಾಂಬಣ್ಣನ ಸಣ್ಣ ಚಿಪ್ಪು

ಕೇಳಿ ಮಕ್ಕಳೇ, ಹುಣಸೆ ತೋಪಿನಾಚೆಯ ಕಾಡಿನಲ್ಲಿ ಜಾಂಬಣ್ಣನೆಂಬ ಕರಡಿ ಒಂದು ದೊಡ್ಡ ಚಪ್ಪರ ಹಾಕಿ, ಕಡಲೆಕಾಯಿ ಸುಲಿಸುತ್ತಿದ್ದ. ಸುಲಿಯುವವರು ಅಳಿಲು, ಮೊಲ, ಹೆಗ್ಗಣ, ಮೈನಾ. ಅಬ್ಬಬ್ಬಾ, ಒಬ್ಬೊಬ್ಬರ ಬಾಯಿಯೂ ಕೈಗಿಂತ ಚುರುಕು! ಸಂತೆಯ ದಿನ ಸಂಜೆ ಕೂಲಿ: ತೆಂಗಿನ ಚಿಪ್ಪಿನ ತುಂಬ ಕಡಲೆಬೀಜ, ಮೇಲೊಂದು ಹಿಡಿ ಕೊಸರು. ಅಳೆದು ಕೊಟ್ಟ ಮೇಲೂ ಪ್ರೀತಿಗೆ ಕೊಡುತ್ತಾರಲ್ಲ, ಅದೇ ಕೊಸರು. ಅದಿಲ್ಲದ ಕೂಲಿ ಉಪ್ಪಿಲ್ಲದ ಸಾರಿನ ಹಾಗೆ.

ಒಂದು ಸಂತೆಯ ದಿನ ಬೆಳಿಗ್ಗೆ ಅಳಿಲು ಚಿನ್ನಕ್ಕ ಬೇಲಿ ಸಂದಿಯಿಂದ ಇಣುಕಿದಳು. ಜಾಂಬಣ್ಣ ಹಳ್ಳದ ದಡದಲ್ಲಿ ಕೂತು ಹೊಸ ಚಿಪ್ಪೊಂದನ್ನು ತಿಕ್ಕಿ ತಿಕ್ಕಿ ತೊಳೆಯುತ್ತಿದ್ದ. ಚಿಪ್ಪೋ, ಹಳೆಯದರ ಅರ್ಧವೂ ಇಲ್ಲ! ಚಿನ್ನಕ್ಕನ ಮನೆಯಲ್ಲಿ ಇನ್ನೂ ಕಣ್ಣು ಬಿಡದ ಮರಿಗಳು. ಇದರಲ್ಲಿ ಕೂಲಿ ಅಳೆದರೆ ಹೊಟ್ಟೆಗೇನು ಗತಿ?

"ಏನಣ್ಣಾ ಅದು?" ಎಂದು ಒಂದು ಮಾತು ಕೇಳಿದ್ದರೆ ಮುಗಿಯುತ್ತಿತ್ತು. ಕೇಳಲಿಲ್ಲ. ನೇರ ಹೋಗಿ ಮೊಲ ಬಿಳಿಯಪ್ಪನ ಉದ್ದ ಕಿವಿಗೆ ಬಾಯಿಟ್ಟಳು.

"ಭಾವಾ, ಯಾರಿಗೂ ಹೇಳಬೇಡ. ಕೂಲಿಯ ಚಿಪ್ಪು ಸಣ್ಣದಾಗುತ್ತಂತೆ!"

ಯಾರಿಗೂ ಹೇಳಬೇಡ ಎಂದರೆ ಸಾಕಲ್ಲ! ಬಿಳಿಯಪ್ಪ ಹೆಗ್ಗಣರಾಯನಿಗೆ "ಅರ್ಧ ಕೂಲಿಯಂತೆ" ಎಂದ. ಹೆಗ್ಗಣರಾಯ ಮೈನಾಗೆ "ಬರೀ ಸಿಪ್ಪೆಯಂತೆ" ಎಂದ. ಮಧ್ಯಾಹ್ನದ ಹೊತ್ತಿಗೆ ಮೈನಾ ಹಾರಿ ಬಂದು ಚಿನ್ನಕ್ಕನಿಗೇ ಸುದ್ದಿ ಮುಟ್ಟಿಸಿದಳು: "ಅಯ್ಯೋ ಅಕ್ಕಾ, ಇನ್ನುಮೇಲೆ ನಾವೇ ಜಾಂಬಣ್ಣನಿಗೆ ಕಡಲೆ ಕೊಡಬೇಕಂತೆ!"

"ಅಯ್ಯಯ್ಯೋ, ನಾನು ಅಂದುಕೊಂಡದ್ದಕ್ಕಿಂತ ಕೆಟ್ಟದ್ದೇ ಆಯಿತಲ್ಲೇ!" ಎಂದು ಚಿನ್ನಕ್ಕ ತಾನೇ ಬಿತ್ತಿದ ಸುದ್ದಿಗೆ ತಾನೇ ನಡುಗಿದಳು.

ಜಾಂಬಣ್ಣ ಕೊಡದಿದ್ದರೆ ನಾನೇ ತಗೊಂಡರಾಯಿತು ಎಂದುಕೊಂಡು, ಸುಲಿದ ಬೀಜವನ್ನೆಲ್ಲ ಬಾಯಿಗೆ ತುರುಕತೊಡಗಿದಳು. ಎಡಗಲ್ಲ ತುಂಬಿತು, ಬಲಗಲ್ಲ ತುಂಬಿತು. ಮುಖ ಹಬ್ಬದ ಕಡುಬಿನಂತೆ ಉಬ್ಬಿತು.

ಸಂಜೆ ಜಾಂಬಣ್ಣ ಎರಡೂ ಚಿಪ್ಪು ಹಿಡಿದು ಬಂದ. "ನೋಡ್ರಪ್ಪಾ, ನನ್ನ ಉಗುರಿನ ಸಂದಿಯಲ್ಲಿ ಅರ್ಧ ಕೊಸರು ಸೋರಿಹೋಗುತ್ತೆ ಅಂತ ಗೊಣಗುತ್ತಿದ್ದಿರಲ್ಲ! ಇನ್ನುಮೇಲೆ ಕೊಸರಿಗೇ ಬೇರೆ ಚಿಪ್ಪು. ಕೂಲಿ ದೊಡ್ಡದರಲ್ಲೇ. ಏನಮ್ಮಾ ಚಿನ್ನಕ್ಕಾ, ಸರಿಯೇ?"

"ಉಮ್ಮ್... ಮ್ಮ್ಮ್..."

"ಪಾಪ, ಹಲ್ಲುನೋವಿರಬೇಕು," ಎಂದ ಬಿಳಿಯಪ್ಪ.

"ಎರಡೂ ಕಡೆಗೆ?" ಎಂದಳು ಮೈನಾ.

ಅಷ್ಟರಲ್ಲಿ ಕಡಲೆಹೊಟ್ಟು ಮೂಗಿಗೇರಿ ಚಿನ್ನಕ್ಕನಿಗೆ ಬಂತು ನೋಡಿ ಸೀನು. ಆ... ಆ... ಆಕ್ಷೀ! ಕಡಲೆಬೀಜಗಳು ಪಟಪಟನೆ ಹಾರಿ, ಒಂದು ಹೋಗಿ ಜಾಂಬಣ್ಣನ ಮೂತಿಗೇ ಬಡಿಯಿತು! ಚಪ್ಪರವೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕಿತು. ಚಿನ್ನಕ್ಕ ಬಾಲದಲ್ಲಿ ಮುಖ ಮುಚ್ಚಿಕೊಂಡು ನಡೆದದ್ದನ್ನೆಲ್ಲ ಹೇಳಿದಳು.

ಜಾಂಬಣ್ಣನಿಗೂ ನಗು ತಡೆಯಲಾಗಲಿಲ್ಲ. "ಮರಿಗಳ ತಾಯಿ ನೀನು, ಕೂಲಿ ಪೂರ್ತಿ ತಗೋ. ಈ ಸಂತೆಗೆ ಕೊಸರು ಮಾತ್ರ ಇಲ್ಲ."

ಹೀಗೆ ಇಡೀ ಚಪ್ಪರದಲ್ಲಿ ಚಿಪ್ಪು ಸಣ್ಣದಾಗುತ್ತೆಂದು ಹೆದರಿದವರು ಎಲ್ಲರೂ. ನಿಜವಾಗಿ ಕಡಿಮೆ ಹೊತ್ತುಕೊಂಡು ಮನೆಗೆ ಹೋದವಳು ಚಿನ್ನಕ್ಕ ಒಬ್ಬಳೇ!

ನೀತಿ: ಕೇಳಿ ತಿಳಿಯಬೇಕಾದ್ದನ್ನು ಇಣುಕಿ ತಿಳಿಯಹೊರಟವರು, ಬಾರದ ನಷ್ಟವನ್ನೂ ಕರೆದು ತಂದುಕೊಳ್ಳುತ್ತಾರೆ.