ಎದುರಾಳಿಯ ವಕಾಲತ್ತು

ಕೋರಿ-ಗಲಗಲಿ ವಕೀಲರ ಆಫೀಸು ಅಂದರೆ ಒಂದು ಕಾಲಕ್ಕೆ ಜಿಲ್ಲೆಗೆಲ್ಲ ಹೆಸರು. ಕೋರ್ಟಿನ ಬೇವಿನ ಮರದ ಕೆಳಗೆ ಒಂದೇ ಮೇಜು ಹಾಕಿಕೊಂಡು ಶುರು ಮಾಡಿದ ಗೆಳೆಯರು, ಮುಂದೆ ಮೂರಂತಸ್ತು ಕಟ್ಟಿಸಿದರು.

ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ. ಗೆಳೆಯರು ಜಗಳಾಡಿದರು. ಕಕ್ಷಿದಾರರು ಬೇರೆಯವರನ್ನು ಹುಡುಕಿಕೊಂಡರು. ಜೂನಿಯರುಗಳು ಕರಿಕೋಟು ಹೆಗಲಿಗೆ ಹಾಕಿಕೊಂಡು ಹೊರಟೇ ಹೋದರು. ಬಾಗಿಲಿಗೆ ಬೀಗ ಬಿದ್ದ ಮೇಲೂ ಸಮಾಧಾನವಿಲ್ಲ, ಒಬ್ಬರ ಮೇಲೊಬ್ಬರು ಕೇಸು ಹಾಕಿದರು!

ವಿಚಾರಣೆಯ ಹಿಂದಿನ ದಿನ ಅಂದಾನಪ್ಪ ಕೋರಿ ಹೊಳೆದಂಡೆಯ ಮಠಕ್ಕೆ ಬಂದು ಅಜ್ಜಾರ ಕಾಲಿಗೆ ಬಿದ್ದ. ಅಜ್ಜಾರು ಆ ಮಠದ ಸ್ವಾಮಿಗಳು, ಅವನ ಗುರುಗಳು.

“ಅಜ್ಜಾರ, ನಾಳೆ ಗಲಗಲಿ ಮ್ಯಾಲೆ ನಾ ಗೆಲ್ಲಬೇಕ್ರಿ. ಆಶೀರ್ವಾದ ಮಾಡ್ರಿ.”

“ಗೆದ್ದವ ಸೋತ, ಸೋತವ ಸತ್ತ. ನಿನ್ನ ಬಾಯಾಗ ಕೇಳಿದ ಮಾತಲ್ಲೇನೋ ತಮ್ಮಾ?”

“ಅದು ಕಕ್ಷಿದಾರರಿಗೆ ಹೇಳೂ ಮಾತ್ರಿ.”

ಅಜ್ಜಾರು ನಕ್ಕರು. “ಆತು. ಇಲ್ಲೇ ನನ್ನ ಮುಂದ ವಾದ ನಡೀಲಿ. ಗಲಗಲಿ ಪರ ಮಾತಾಡಾಕ ಇಲ್ಲಿ ಯಾರೂ ಇಲ್ಲ. ಅವನ ವಕೀಲ ನೀನ ಆಗು.”

“ನಾನಾ? ಅವನ ಪರಾನ?”

“ಯಾರ ಪರ ಬೇಕಾದ್ರೂ ವಾದ ಮಾಡ್ತೀನಿ ಅಂತಿದ್ದೆಲ್ಲ!”

ಕೋರಿ ಮುಖ ಗಂಟು ಹಾಕಿಕೊಂಡೇ ಎದ್ದು ನಿಂತ. ಮೊದಲು ಮಾತು ತಡವರಿಸಿತು. ಆದರೆ ಹಳೆಯ ಚಾಳಿ, ಬಿಟ್ಟೀತೇ? ದನಿ ಏರಿತು.

“ಸ್ವಾಮಿ, ಈ ಕೋರಿಯ ಹೆಂಡತಿ ಹಾಸಿಗೆ ಹಿಡಿದಾಗ ಅವನ ಕೇಸುಗಳನ್ನೆಲ್ಲ ನಡೆಸಿದವರು ನನ್ನ ಕಕ್ಷಿದಾರರು. ದುಡಿಮೆ ಅವರದು, ಹೆಸರು ಕೋರಿಯದು. ಆಕೆ ತೀರಿಕೊಂಡ ದಿನ ಆಸ್ಪತ್ರೆಯಲ್ಲಿ ಇವನ ಕೈ ಹಿಡಿದು ಕೂತವರೂ ಅವರೇ. ಅಂಥವರನ್ನು ಒಂದು ಮಾತು ಕೇಳದೆ ಇವನು ಆಫೀಸಿನ ಬೋರ್ಡಿನ ಮೇಲೆ ತನ್ನ ಮಗನ ಹೆಸರು ಬರೆಸಿದ. ಯಾಕೆ ಅಂತ ಕೇಳಿದ್ದಕ್ಕೆ, ಜೂನಿಯರುಗಳ ಎದುರೇ, ‘ಇದ್ದರೆ ಇರು, ಇಲ್ಲಾ ಹೋಗು’ ಅಂದ. ಸ್ವಾಮಿ, ಇದಕ್ಕಿಂತ...”

ಮಾತು ಅಲ್ಲೇ ನಿಂತಿತು. ಕೋರಿ ಕುಸಿದು ಕೂತು ಟವೆಲಿನಿಂದ ಮುಖ ಮುಚ್ಚಿಕೊಂಡ. ಪಾಪ, ಅಷ್ಟು ದೊಡ್ಡ ವಕೀಲ ಸಣ್ಣ ಮಗುವಿನ ಹಾಗೆ ಬಿಕ್ಕಿ ಬಿಕ್ಕಿ ಅತ್ತ.

ಅಜ್ಜಾರು ಅವನ ತಲೆ ಮೇಲೆ ಕೈ ಇಟ್ಟರು.

“ಅಜ್ಜಾರ, ನಾ ಸೋತ್ನಿರಿ.”

“ಹುಚ್ಚಾ, ನೀ ವಕೀಲ. ನಿನ್ನ ಕಕ್ಷಿದಾರ ಗೆದ್ದಾನ. ಲಗೂನ ಹೋಗಿ ತಿಳಿಸು, ದಾರಿ ಕಾಯ್ತಿರತಾನ.”