ಸಾಹೇಬರ ಸ್ನಾನದ ತೊಟ್ಟಿ

ಟಿಪ್ಪುವಿನ ರಾಜ್ಯ ಮುಗಿದ ಮೇಲೆ ತುಂಗಭದ್ರೆಯ ದಂಡೆಯ ಒಂದು ಊರು ಯಾರ ಪಾಲಿಗೂ ನೆಟ್ಟಗೆ ಸೇರಲಿಲ್ಲ. ಕಂಪನಿಯವರು ನಮ್ಮದು ಎಂದರು, ನಿಜಾಮನವರು ನಮ್ಮದು ಎಂದರು. ತಕರಾರು ಮದ್ರಾಸಿನಲ್ಲಿ ಕೊಳೆಯುತ್ತಿತ್ತು.

ಜೋಳದ ಕೊಯ್ಲು ನಡೆದಿರುವಾಗಲೇ ಕಂಪನಿಯ ಸಾಹೇಬ ಬಂದಿಳಿದ. ಊರ ತಳವಾರ ಹುಲುಗಪ್ಪನನ್ನು ಕರೆಸಿ, "ನನ್ನ ಡೇರೆ, ಕುರ್ಚಿ, ಸ್ನಾನದ ತೊಟ್ಟಿ ಹೊರಲು ನಲವತ್ತು ಆಳು ಬೇಕು. ಎಂಟು ದಿನ ಬಿಟ್ಟಿ. ಸರ್ಕಾರದ ಹುಕುಂ!" ಎಂದು ಗುಡುಗಿದ.

ಎಂಟು ದಿನ ಆಳು ಹೋದರೆ ತೆನೆಯೆಲ್ಲ ಹಕ್ಕಿಪಾಲು. ಹುಲುಗಪ್ಪ ಕೈಮುಗಿದ.

"ಆಗಲಿ ದೊರೆ, ಈಗಲೇ ಹೊರಡಿಸ್ತೀನಿ. ಈ ಊರು ಕಂಪನಿಯದೇ ಅಂತ ಒಂದು ಸಾಲು ಬರೆದು ಮೊಹರು ಹಾಕಿಕೊಡ್ರಿ. ನಾಳೆ ನಿಜಾಮನವರು ಬಂದು ಆಳು ಯಾಕೆ ಕೊಟ್ಟೆ ಅಂದ್ರೆ ತೋರಿಸ್ತೀನಿ."

ಸಾಹೇಬ ಲೇಖನಿಯನ್ನು ಶಾಯಿಯಲ್ಲಿ ಅದ್ದಿದ. ಮದ್ರಾಸಿನವರು ತೀರ್ಮಾನಿಸದ್ದನ್ನು ಬರೆದರೆ ಅವನ ಕೆಲಸಕ್ಕೇ ಕುತ್ತು ಎಂದು ಹುಲುಗಪ್ಪನಿಗೆ ಗೊತ್ತಿತ್ತು. ಸಾಹೇಬನಿಗೂ ಅದು ಆಗ ಹೊಳೆಯಿತು. ಶಾಯಿ ತೊಟ್ಟಿಕ್ಕಿ ಕಾಗದ ಕಪ್ಪಾಯಿತು, ಸಾಲು ಮಾತ್ರ ಮೂಡಲಿಲ್ಲ.

ಲೇಖನಿ ಕೆಳಗಿಟ್ಟು ಕೇಳಿದ: "ನಿಜಾಮನವರೂ ಆಳು ಕೇಳಿದರೆ?"

"ಅವರಿಗೂ ಊರು ನಿಮ್ಮದೇ ಅಂತ ಬರೆದುಕೊಡ್ರಿ ಅಂತೀನಿ, ದೊರೆ."

ಸಾಹೇಬನಿಗೆ ಮೊದಲ ಸಲ ನಗು ಬಂತು. "ಹಾಗಾದರೆ ಸರಿ," ಎಂದು ಸ್ನಾನದ ತೊಟ್ಟಿಯನ್ನು ತನ್ನ ಸಿಪಾಯಿಗಳ ತಲೆಗೇ ಏರಿಸಿದ.