ಹೂತಿಟ್ಟ ಕವಡೆ

"ಗುರುಗಳೇ, ಮನಸ್ಸು ಶುದ್ಧವಾಗುವವರೆಗೆ ಕಾಯುವುದು ತಪ್ಪೇ?" ಎಂದು ನಿರ್ವಾಣಿ ಕೇಳಿದ.

ಅವನ ತಂದೆ ಹಾಸಿಗೆ ಹಿಡಿದಿದ್ದರು. ಒಮ್ಮೆ ಬಂದು ಮುಖ ತೋರಿಸಿ ಹೋಗು ಎಂದು ಅಕ್ಕ ಹೇಳಿ ಕಳಿಸಿದ್ದಳು. "ಅಪ್ಪನ ಮೇಲಿನ ಸಿಟ್ಟು ಇನ್ನೂ ಆರಿಲ್ಲ. ಅದನ್ನು ಹೊತ್ತುಕೊಂಡು ಅವರ ಮುಂದೆ ಹೇಗೆ ನಿಲ್ಲಲಿ? ಆರಿದ ಮೇಲೆ ಹೋಗುತ್ತೇನೆ" ಎಂದ.

"ಓಹೋ, ದೊಡ್ಡ ಮಾತು. ಕೂತುಕೋ" ಎಂದರು ಗುರುಗಳು. ಆಮೇಲೆ ಈ ಕತೆ ಹೇಳಿದರು.

ಕಡಲ ದಂಡೆಯಲ್ಲಿ ಒಬ್ಬ ಮೀನುಗಾರನಿದ್ದ. ಅವನಿಗೆ ಒಬ್ಬಳೇ ಮಗಳು. ಅವಳಿಗೆ ಜ್ವರ ಬಂತು. ಮೂರು ದಿನವಾದರೂ ಇಳಿಯಲಿಲ್ಲ. ವೈದ್ಯನಿದ್ದದ್ದು ಹೊಳೆಯ ಆಚೆ. ದೋಣಿ ಅಂಗಳದ ಮುಂದೆಯೇ ಇತ್ತು.

ಆದರೆ ಆ ಕೇರಿಯವರದು ಒಂದು ರೂಢಿ. ಕವಡೆ ಹಾಕಿ ಕೇಳದೆ ರೋಗಿಯನ್ನು ಹೊಳೆ ದಾಟಿಸುವುದಿಲ್ಲ. ಅದೂ ದಂಡೆಗೆ ಬಂದು ಬಿದ್ದ ಕವಡೆ ಆಗದು. ಬಿಸಿಲಿಗೆ ಬಿಳಿಚಿದ ಕವಡೆ ಸುಳ್ಳು ಹೇಳುತ್ತದಂತೆ. ಕೇಳುವವನೇ ಕಡಲಿಗಿಳಿದು ಜೀವಂತ ಕವಡೆ ಹಿಡಿದು ತರಬೇಕು. ಮರಳಲ್ಲಿ ಹೂತಿಟ್ಟು, ಒಳಗಿನ ಹುಳು ಕೊಳೆತು ಹೋದ ಮೇಲೆ ತೊಳೆದು, ಕವಡೆ ನೋಡುವ ಮುದುಕಿಯ ಕೈಗೆ ಕೊಡಬೇಕು. ಆ ಹುಳು ಬದುಕಿದ್ದಷ್ಟು ದಿನ ತನ್ನ ಮೈಯನ್ನೇ ಚಿಪ್ಪಿನ ಮೇಲೆ ಹೊದಿಸಿಕೊಂಡು ಅದರ ಹೊಳಪು ಕಾಯುತ್ತದೆ. ಅದನ್ನು ಕೊಂದು, ಅದರ ಹೊಳಪನ್ನು ಆಯುಷ್ಯ ಎಷ್ಟು ಎಂದು ಕೇಳುತ್ತಾರೆ! ಇರಲಿ, ಜನರ ಬುದ್ಧಿ.

ಮೀನುಗಾರ ನೀರು ಇಳಿದ ಹೊತ್ತು ನೋಡಿ ಬಂಡೆಗಳ ಸಂದಿಯಲ್ಲಿ ಕೈಯಾಡಿಸಿ ಹನ್ನೆರಡು ಕವಡೆ ತಂದ. ಮರಳಲ್ಲಿ ಹೂತ.

"ದೋಣಿ ಇದೆಯಲ್ಲ, ಕರೆದುಕೊಂಡು ಹೋಗೋಣ ಬನ್ನಿ" ಎಂದಳು ಹೆಂಡತಿ.

"ಕೇಳದೆ ಹೋಗಿ ಏನಾದರೂ ಎಡವಟ್ಟಾದರೆ? ಇರುವವಳು ಒಬ್ಬಳೇ ಕಣೇ" ಎಂದ ಅವನು.

ಪಾಪ, ಅವನಿಗೆ ಮಗಳ ಮೇಲೆ ಪ್ರೀತಿ ಇರಲಿಲ್ಲವೆಂದಲ್ಲ. ಪ್ರೀತಿ ಹೆಚ್ಚಾಗಿಯೇ ಹೆದರಿದ. ದಿನವೂ ಬೆಳಗ್ಗೆ ಹೋಗಿ ಮರಳು ಕೆದಕಿ ಒಂದು ಕವಡೆಯನ್ನು ಮೂಸುತ್ತಿದ್ದ. ಇನ್ನೂ ನಾತ ಹೊಡೆಯುತ್ತಿತ್ತು. ಮತ್ತೆ ಹೂಳುತ್ತಿದ್ದ. ಮನೆಗೆ ಬಂದರೆ ಮಗಳು, "ಅಪ್ಪಾ, ಇವತ್ತು ಹೋಗೋದಾ?" ಎಂದು ಕೇಳುತ್ತಿದ್ದಳು. "ನಾಳೆ ಮಗಾ" ಎನ್ನುತ್ತಿದ್ದ. ಆಮೇಲಾಮೇಲೆ ಅವಳು ಕೇಳುವುದನ್ನೂ ಬಿಟ್ಟಳು.

ಹನ್ನೊಂದನೆಯ ದಿನ ನಾತವಿರಲಿಲ್ಲ. ಅವನು ಕುಣಿಯುವುದೊಂದು ಬಾಕಿ. ಕವಡೆಗಳನ್ನು ತೊಳೆದು ಮುದುಕಿಯ ಮನೆಗೆ ಓಡಿದ. ಅವಳು ಕವಡೆ ಹಾಕಿದಳು. ಹನ್ನೆರಡೂ ಬಾಯಿ ಮೇಲಾಗಿ ಬಿದ್ದವು.

"ಇಷ್ಟು ಒಳ್ಳೆಯ ಕವಡೆ ನಾನು ಕಂಡಿಲ್ಲ. ಈಗಲೇ ಹೊರಡು" ಎಂದಳು ಮುದುಕಿ.

ಅವನು ಬಿದ್ದೂ ಎದ್ದೂ ಮನೆಗೆ ಬಂದ. ದೋಣಿಯನ್ನು ನೀರಿಗೆ ನೂಕಿ, ಅಲ್ಲಿಂದಲೇ ಕೂಗಿ ಹೇಳಿದ, ಹೊರಡಿರೇ, ಕವಡೆ ಹೋಗು ಎಂದಿದೆ ಎಂದು.

ಹೆಂಡತಿ ಮಗಳನ್ನು ತೊಡೆಯ ಮೇಲೆ ಮಲಗಿಸಿಕೊಂಡು ಕೂತಿದ್ದಳು. ಮಗುವಿನ ಮೈ ತಣ್ಣಗಾಗಿತ್ತು.

"ಎಲ್ಲಿಗೆ?" ಎಂದಳು.

ಗುರುಗಳು ಕತೆಯನ್ನು ಅಲ್ಲಿಗೇ ನಿಲ್ಲಿಸಿದರು.

"ಮೂರ್ಖ! ಎಂಥ ಮೂರ್ಖ ಅವನು! ಅಷ್ಟು ದಿನ ಹೇಗೆ ಕಾದ?" ಎಂದ ನಿರ್ವಾಣಿ.

ಗುರುಗಳು ಅವನ ಮುಖವನ್ನೇ ನೋಡಿ ಕೇಳಿದರು: "ಅಕ್ಕನ ಸುದ್ದಿ ಬಂದು ಎಷ್ಟು ದಿನವಾಯಿತು?"